ಆಕಾಶಕ್ಕೆ ಅಳತೆಗೋಲು ಕೊಟ್ಟ ಹೆನ್ರಿಯೆಟಾ ಲೆವಿಟ್

ವಿಶ್ವದ ವೈಶಾಲ್ಯವನ್ನು ತೋರಿಸಿಕೊಟ್ಟ ಕೀರ್ತಿ ಸಾಮಾನ್ಯವಾಗಿ ಸಲ್ಲುವುದು ಎಡ್ವಿನ್ ಹಬಲ್ ಅವರಿಗೆ. ಆದರೆ ಹಬಲ್ ಬಳಸಿದ ಅಳತೆಗೋಲನ್ನು ರೂಪಿಸಿದವರು ಗಂಟೆಗೆ 30 ಸೆಂಟ್ ವೇತನಕ್ಕೆ ದುಡಿದ ಹೆನ್ರಿಯೆಟಾ ಸ್ವಾನ್ ಲೆವಿಟ್ ಎಂಬುದು ಬಹಳ ಕಾಲ ಹೆಚ್ಚು ಜನರಿಗೆ ತಿಳಿದಿರಲಿಲ್ಲ.

ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಲ್ಯಾಂಕಾಸ್ಟರ್‌ನಲ್ಲಿ 1868ರ ಜುಲೈ 4ರಂದು ಪಾದ್ರಿಯೊಬ್ಬರ ಮಗಳಾಗಿ ಜನಿಸಿದ ಲೆವಿಟ್, 1892ರಲ್ಲಿ ಕಾಲೇಜು ಶಿಕ್ಷಣ ಪೂರೈಸಿದರು. ಕೊನೆಯ ವರ್ಷ ಓದಿದ ಖಗೋಳಶಾಸ್ತ್ರದ ಆಸಕ್ತಿ ಅವರನ್ನು ಹಾರ್ವರ್ಡ್ ವೀಕ್ಷಣಾಲಯಕ್ಕೆ ಕರೆದೊಯ್ದಿತು. ಅಲ್ಲಿ ಆರಂಭದಲ್ಲಿ ವೇತನವಿಲ್ಲದೆ ದುಡಿದರು. ಅನಾರೋಗ್ಯ ಪದೇ ಪದೇ ಕಾಡಿತು, ಶ್ರವಣಶಕ್ತಿಯೂ ಕುಂದಿತು.

ವೀಕ್ಷಣಾಲಯದಲ್ಲಿ ದೂರದರ್ಶಕ ಪುರುಷರ ಪಾಲಾಗಿತ್ತು. ಮಹಿಳೆಯರದು ಗಾಜಿನ ಛಾಯಾಫಲಕಗಳ ಮೇಲಿನ ಚುಕ್ಕೆಗಳನ್ನು ಅಳೆದು ದಾಖಲಿಸುವ ಕೆಲಸ. ಲೆಕ್ಕ ಮಾಡುವವರೆಂಬ ಅರ್ಥದಲ್ಲಿ ಅವರನ್ನು ‘ಕಂಪ್ಯೂಟರ್’ ಎಂದು ಕರೆಯಲಾಗುತ್ತಿತ್ತು. ಪೆರು ದೇಶದ ಅರೆಕಿಪಾದಲ್ಲಿ ತೆಗೆದ ಫಲಕಗಳನ್ನು ಪರಿಶೀಲಿಸಿದ ಲೆವಿಟ್, ಮೆಗಲನ್ ಮೇಘಗಳಲ್ಲಿ ಕಾಂತಿ ಏರಿಳಿಯುವ 1,777 ನಕ್ಷತ್ರಗಳ ಪಟ್ಟಿಯನ್ನು 1908ರಲ್ಲಿ ಪ್ರಕಟಿಸಿದರು.

ಈ ಪೈಕಿ ಕಿರಿಯ ಮೇಘದ 25 ನಕ್ಷತ್ರಗಳ ಅಧ್ಯಯನ 1912ರಲ್ಲಿ ಹೊರಬಂತು. ನಕ್ಷತ್ರ ಹೆಚ್ಚು ಪ್ರಕಾಶಮಾನವಾದಷ್ಟೂ ಅದರ ಕಾಂತಿ ಒಮ್ಮೆ ಏರಿ ಇಳಿಯಲು ಹೆಚ್ಚು ದಿನ ಬೇಕು ಎಂಬುದೇ ಅದರ ಸಾರ. ಒಂದೇ ಮೇಘದ ನಕ್ಷತ್ರಗಳೆಲ್ಲ ನಮ್ಮಿಂದ ಸರಿಸುಮಾರು ಒಂದೇ ದೂರದಲ್ಲಿರುವುದರಿಂದ ಕಾಣುವ ವ್ಯತ್ಯಾಸವೇ ನಿಜವಾದ ವ್ಯತ್ಯಾಸವಾಗಿತ್ತು. ಹೀಗಾಗಿ ಸೆಫೀಡ್ ಎಂಬ ಈ ಬಗೆಯ ನಕ್ಷತ್ರದ ಏರಿಳಿತದ ಅವಧಿಯಿಂದ ಅದರ ನಿಜ ಪ್ರಕಾಶವನ್ನೂ, ಅದು ಎಷ್ಟು ಮಂಕಾಗಿ ಕಾಣುತ್ತದೆ ಎಂಬುದರಿಂದ ದೂರವನ್ನೂ ಲೆಕ್ಕ ಹಾಕುವ ದಾರಿ ತೆರೆಯಿತು. ಆದರೆ ವರದಿಗೆ ಸಹಿ ಬಿದ್ದದ್ದು ನಿರ್ದೇಶಕ ಎಡ್ವರ್ಡ್ ಪಿಕರಿಂಗ್ ಅವರದು. ಸಿದ್ಧಪಡಿಸಿದವರು ಲೆವಿಟ್ ಎಂಬ ಮಾತು ಮಾತ್ರ ಮೊದಲ ವಾಕ್ಯದಲ್ಲಿತ್ತು.

ಈ ಸೂತ್ರವನ್ನು ಮುಂದುವರಿಸುವ ಅವಕಾಶವೂ ಅವರಿಗೆ ದೊರೆಯಲಿಲ್ಲ. ನಿರ್ದೇಶಕರು ಒಪ್ಪಿಸಿದ ಇತರ ಅಳತೆಯ ಕೆಲಸಗಳಲ್ಲೇ ವರ್ಷಗಳು ಕಳೆದವು. 1921ರ ಡಿಸೆಂಬರ್ 12ರಂದು ಕ್ಯಾನ್ಸರ್‌ನಿಂದ ನಿಧನರಾದಾಗ ಲೆವಿಟ್ ಅವರಿಗೆ 53 ವರ್ಷ. ಅಷ್ಟರಲ್ಲಿ ಅವರು ಗುರುತಿಸಿದ್ದ ಕಾಂತಿ ಬದಲಿಸುವ ನಕ್ಷತ್ರಗಳ ಸಂಖ್ಯೆ 2,400 ದಾಟಿತ್ತು.

ಎರಡು ವರ್ಷಗಳ ತರುವಾಯ, 1923ರಲ್ಲಿ, ಹಬಲ್ ಅವರು ಆಂಡ್ರೊಮಿಡಾದಲ್ಲಿ ಸೆಫೀಡ್ ನಕ್ಷತ್ರವೊಂದನ್ನು ಕಂಡರು. ಲೆವಿಟ್ ಸೂತ್ರದಿಂದ ಅದರ ದೂರ ಲೆಕ್ಕ ಹಾಕಿದಾಗ ಆಂಡ್ರೊಮಿಡಾ ನಮ್ಮ ಆಕಾಶಗಂಗೆಯ ಹೊರಗಿನ ಮತ್ತೊಂದು ಗ್ಯಾಲಕ್ಸಿ ಎಂಬುದು ಸಿದ್ಧವಾಯಿತು.

1925ರಲ್ಲಿ ಸ್ವೀಡನ್ನಿನ ಗಣಿತಜ್ಞ ಮಿಟಾಗ್ ಲೆಫ್ಲರ್ ಅವರು ನೊಬೆಲ್ ಪ್ರಶಸ್ತಿಗೆ ಹೆಸರು ಸೂಚಿಸುವ ಆಲೋಚನೆಯಿಂದ ಲೆವಿಟ್ ಅವರಿಗೆ ಪತ್ರ ಬರೆದರು. ಆಕೆ ತೀರಿಕೊಂಡು ಮೂರು ವರ್ಷ ಕಳೆದಿದ್ದ ಸಂಗತಿ ಅವರಿಗೆ ಗೊತ್ತಿರಲಿಲ್ಲ. ಮೃತರ ಹೆಸರನ್ನು ನೊಬೆಲ್‌ಗೆ ಸೂಚಿಸುವಂತಿಲ್ಲ.