ಮೊದಲ ಕನ್ನಡ ಟಾಕಿ ಮಾಡಿದ ವೈ.ವಿ.ರಾವ್: ನೆಲ್ಲೂರಿನಿಂದ ಬಂದ ಮೂಕಿ ಚಿತ್ರದ ನಟ

ಮಿರ್ಲೆ: ನಮ್ಮ ಕಡೆ ಸಿನಿಮಾ ನಿರ್ದೇಶಕರು ಅಂದ್ರೆ ಹಿರಿಯರ ಬಾಯಿಗೆ ಮೊದಲು ಬರೋದು ಹುಣಸೂರು ಕೃಷ್ಣಮೂರ್ತಿ ಹೆಸರು. 'ಸತ್ಯ ಹರಿಶ್ಚಂದ್ರ', 'ಬಭ್ರುವಾಹನ' ನೋಡದವರು ಕಮ್ಮಿ. ಆದರೆ ಕನ್ನಡದಲ್ಲಿ ಮೊಟ್ಟಮೊದಲು ತೆರೆ ಕಂಡ ಮಾತಿನ ಚಿತ್ರ 'ಸತಿ ಸುಲೋಚನ'ದ ನಿರ್ದೇಶಕ ಯಾರು ಅಂತ ಕೇಳಿದ್ರೆ ತುಂಬಾ ಜನ ತಲೆ ಕೆರೆದುಕೊಳ್ತಾರೆ. ಸುಬ್ಬಯ್ಯ ನಾಯ್ಡು, ಆರ್.ನಾಗೇಂದ್ರರಾಯರ ಹೆಸರು ಹೇಳಿ ಅಲ್ಲಿಗೇ ನಿಲ್ತಾರೆ. ಅವರಿಬ್ಬರೂ ಅದರಲ್ಲಿ ನಟರು. ಚಿತ್ರ ಮಾಡಿದ್ದು ಯರಗುಡಿಪಾಟಿ ವರದರಾವ್, ಅಂದ್ರೆ ವೈ.ವಿ.ರಾವ್.

ಅವರು ಕನ್ನಡ ನಾಡಿನವರಲ್ಲ. 1903ರ ಮೇ 30ರಂದು ಆಂಧ್ರದ ನೆಲ್ಲೂರಿನಲ್ಲಿ ಹುಟ್ಟಿದವರು. ನಾಟಕದ ಹುಚ್ಚು ಹಿಡಿದು, ಆಮೇಲೆ ಕೊಲ್ಹಾಪುರ, ಬೊಂಬಾಯಿ ಕಡೆ ಹೋಗಿ ಮೂಕಿ ಚಿತ್ರಗಳಲ್ಲಿ ಬಣ್ಣ ಹಚ್ಚಿದರು. 1929ರಲ್ಲಿ ಎ.ನಾರಾಯಣನ್ ಮದ್ರಾಸಿನಲ್ಲಿ ಜನರಲ್ ಪಿಕ್ಚರ್ಸ್ ಕಾರ್ಪೊರೇಷನ್ ಶುರು ಮಾಡಿದಾಗ 'ಗರುಡ ಗರ್ವಭಂಗ'ದಂಥ ಚಿತ್ರಗಳಲ್ಲಿ ರಾವ್ ಕಾಣಿಸಿಕೊಂಡರು.

ಮೂಕಿ ಅಂದ್ರೆ ಈಗಿನ ಹುಡುಗರಿಗೆ ಬಿಡಿಸಿ ಹೇಳಬೇಕು. ಪರದೆ ಮೇಲೆ ಜನ ಬಾಯಿ ಆಡಿಸ್ತಾರೆ, ಮಾತು ಕೇಳಲ್ಲ. ನಡುನಡುವೆ ಅಕ್ಷರದ ಪಟ್ಟಿ ಬರುತ್ತೆ. ಓದು ಬಾರದವರಿಗೆ ಒಬ್ಬ ನಿಂತು ಜೋರಾಗಿ ಕಥೆ ಹೇಳ್ತಿದ್ದ. ಪಕ್ಕದಲ್ಲಿ ಹಾರ್ಮೋನಿಯಂ, ತಬಲ. ಇದರಲ್ಲಿ ಒಂದು ದೊಡ್ಡ ಅನುಕೂಲ ಇತ್ತು: ಭಾಷೆ ಅಡ್ಡ ಬರ್ತಿರಲಿಲ್ಲ. ತೆಲುಗಿನವನು ಬೊಂಬಾಯಲ್ಲಿ ಹೀರೋ ಆಗಬಹುದಿತ್ತು, ಮದ್ರಾಸಿನಲ್ಲಿ ತೆಗೆದ ಚಿತ್ರವನ್ನ ಪಟ್ಟಿ ಬದಲಾಯಿಸಿ ಎಲ್ಲಿ ಬೇಕಾದ್ರೂ ತೋರಿಸಬಹುದಿತ್ತು. ರಾವ್ ಊರಿಂದ ಊರಿಗೆ ಹೋಗಿ ಬದುಕಿದ್ದು ಹೀಗೇ.

ನಟನೆ ಮಾಡ್ತಾ ಮಾಡ್ತಾ ಕ್ಯಾಮೆರಾ ಹಿಂದಿನ ಕೆಲಸಾನೂ ಕಲಿತರು. 1930ರಲ್ಲಿ 'ಪಾಂಡವ ನಿರ್ವಾಣ', 'ಪಾಂಡವ ಅಜ್ಞಾತವಾಸ' ಎಂಬ ಮೂಕಿಗಳನ್ನ ನಿರ್ದೇಶಿಸಿದರು. ಮೈಸೂರು ಸೀಮೆಯಲ್ಲಿ ಮನೆಮಾತಾಗಿದ್ದ ಗುಬ್ಬಿ ವೀರಣ್ಣನವರೂ ಆಗ ಸಿನಿಮಾಕ್ಕೆ ಕೈ ಹಾಕಿ ಕರ್ನಾಟಕ ಪಿಕ್ಚರ್ಸ್ ಕಾರ್ಪೊರೇಷನ್ ಕಟ್ಟಿದ್ದರು. ಅವರ 'ಹರಿಮಾಯೆ'ಗೆ ನಿರ್ದೇಶಕರಾಗಿದ್ದು ಇದೇ ರಾವ್. ಅಷ್ಟು ದೊಡ್ಡ ನಾಟಕ ಕಂಪನಿಯ ಯಜಮಾನರು ಚಿತ್ರದ ಕೆಲಸ ಹೊರಗಿನವರೊಬ್ಬರಿಗೆ ಒಪ್ಪಿಸಿದ್ದಾರೆ ಅಂದ್ರೆ, ಆ ಹೊತ್ತಿಗೆ ರಾವ್ ಅವರಿಗೆ ಎಂಥ ಹೆಸರಿತ್ತು ಅನ್ನೋದು ಗೊತ್ತಾಗುತ್ತೆ.

ಅಷ್ಟರಲ್ಲಿ ಕಾಲ ತಿರುಗಿತು. 1931ರ ಮಾರ್ಚ್ 14ರಂದು ಬೊಂಬಾಯಲ್ಲಿ 'ಆಲಂ ಆರಾ' ಬಂತು, ಸಿನಿಮಾ ಮಾತಾಡಿತು. ಮೂಕಿ ನಂಬಿಕೊಂಡಿದ್ದ ಎಷ್ಟೋ ನಟರ ಗಾಡಿ ಅಲ್ಲಿಗೇ ನಿಂತುಹೋಯ್ತು. ರಾವ್ ಗಾಡಿ ನಿಲ್ಲಲಿಲ್ಲ.

ಬೆಂಗಳೂರಿನ ವ್ಯಾಪಾರಿ ಚಮನ್‌ಲಾಲ್ ಡೂಂಗಾಜಿ ಸೌತ್ ಇಂಡಿಯಾ ಮೂವಿಟೋನ್ ಅಂತ ಕಂಪನಿ ಮಾಡಿ ಕನ್ನಡದಲ್ಲಿ ಟಾಕಿ ತೆಗೆಯಲು ಹೊರಟರು. ಹಾಕಿದ ಬಂಡವಾಳ ಸುಮಾರು 40,000 ರೂಪಾಯಿ. ಆಗಿನ ಕಾಲಕ್ಕೆ ಅದು ಸಣ್ಣ ದುಡ್ಡಲ್ಲ. ಕನ್ನಡ ಚಿತ್ರ ಓಡುತ್ತೆ ಅಂತ ತೋರಿಸೋಕೆ ಹಿಂದಿನ ಒಂದು ಲೆಕ್ಕವೂ ಇಲ್ಲದೆ ಆ ಮನುಷ್ಯ ಗಲ್ಲಾಪೆಟ್ಟಿಗೆ ಬಿಚ್ಚಿದ್ದರು. ಕಥೆ, ಮಾತು, ಹಾಡು ಬೆಳ್ಳಾವೆ ನರಹರಿ ಶಾಸ್ತ್ರಿಗಳದು. ಇಂದ್ರಜಿತುವಾಗಿ ಸುಬ್ಬಯ್ಯ ನಾಯ್ಡು, ಸುಲೋಚನೆಯಾಗಿ ತ್ರಿಪುರಾಂಬ, ರಾವಣನಾಗಿ ನಾಗೇಂದ್ರರಾಯರು. ನಿರ್ದೇಶನ ವೈ.ವಿ.ರಾವ್. ಲಕ್ಷ್ಮಣನ ಪಾತ್ರವೂ ಅವರದೇ. ಕಥೆಯಲ್ಲಿ ಇಂದ್ರಜಿತುವನ್ನ ಕೊಲ್ಲೋದೇ ಲಕ್ಷ್ಮಣ. ಹೀಗಾಗಿ ನಾಯಕನಿಗೆ ಆಕ್ಷನ್ ಹೇಳಿದವರೇ ಅವನಿಗೆ ಬಾಣಾನೂ ಬಿಡಬೇಕಾಯ್ತು!

ಬೆಂಗಳೂರಿನಲ್ಲಿ ಟಾಕಿ ತೆಗೆಯುವ ಸ್ಟುಡಿಯೋ ಇರಲಿಲ್ಲ. ಇಡೀ ತಂಡ ಕೊಲ್ಹಾಪುರದ ಛತ್ರಪತಿ ಸ್ಟುಡಿಯೋಗೆ ಹೋಯ್ತು. ಮೂಕಿ ಕಾಲದಲ್ಲಿ ಕ್ಯಾಮೆರಾ ಓಡ್ತಿರುವಾಗಲೇ ನಿರ್ದೇಶಕ ಪಕ್ಕದಲ್ಲಿ ನಿಂತು ಈ ಕಡೆ ತಿರುಗು, ಕಣ್ಣೀರು ಒರೆಸಿಕೋ ಅಂತ ಕೂಗಬಹುದಿತ್ತು. ಟಾಕಿಯಲ್ಲಿ ಅವನೂ ಬಾಯಿ ಮುಚ್ಚಿಕೊಂಡಿರಬೇಕು. ಈಗಿನ ಹಾಗೆ ಡಬ್ಬಿಂಗ್ ಇಲ್ಲ, ಹಿನ್ನೆಲೆ ಗಾಯನವೂ ಇಲ್ಲ. ನಟರು ಅಲ್ಲೇ ಹಾಡಬೇಕು, ವಾದ್ಯದವರು ಕ್ಯಾಮೆರಾ ಕಣ್ಣಿಗೆ ಬೀಳದ ಹಾಗೆ ಕೂತು ಅಲ್ಲೇ ನುಡಿಸಬೇಕು. ಒಬ್ಬ ಕೆಮ್ಮಿದ್ರೂ ಮತ್ತೆ ಮೊದಲಿಂದ. ಕಂಪನಿ ನಾಟಕದಲ್ಲಿ ಕೊನೇ ಸಾಲಿನವರಿಗೂ ಕೇಳೋ ಹಾಗೆ ಗಂಟಲು ಬಿಚ್ಚಿ ಪಳಗಿದ ನಾಯ್ಡು, ರಾಯರಂಥವರು ಸಿಕ್ಕಿದ್ದು ಅದೃಷ್ಟ. ಮಾತು ಅವರ ಕಸುಬು, ಚಿತ್ರ ರಾವ್ ಕಸುಬು. ಸುಮಾರು ಎರಡು ತಿಂಗಳಲ್ಲಿ ಕೆಲಸ ಮುಗೀತು.

1934ರ ಮಾರ್ಚ್ 3ರಂದು ಬೆಂಗಳೂರು ಸಿಟಿ ಮಾರ್ಕೆಟ್ ಹತ್ತಿರದ ಪ್ಯಾರಾಮೌಂಟ್ ಟಾಕೀಸಿನಲ್ಲಿ 'ಸತಿ ಸುಲೋಚನ' ಬಿಡುಗಡೆಯಾಯ್ತು, ಆರು ವಾರ ಓಡಿತು. 'ಭಕ್ತ ಧ್ರುವ' ಅದರ ಹಿಂದೆ ಬಂತು.

ಆಮೇಲೆ ರಾವ್ ತಮಿಳಿಗೆ ಹೋದರು. 1937ರ 'ಚಿಂತಾಮಣಿ' ಅವರ ದೊಡ್ಡ ಗೆಲುವು. ತ್ಯಾಗರಾಜ ಭಾಗವತರ್, ಅಶ್ವತ್ಥಮ್ಮ ನಟಿಸಿದ್ದ ಆ ಚಿತ್ರ ವರ್ಷ ದಾಟಿ ಓಡಿತು. ಅದರ ಲಾಭದಲ್ಲೇ ಮಧುರೆಯಲ್ಲಿ ಚಿಂತಾಮಣಿ ಅಂತ ಒಂದು ಟಾಕೀಸ್ ಎದ್ದಿತು. 1939ರಲ್ಲಿ ತೆಲುಗಿನಲ್ಲಿ 'ಮಳ್ಳಿ ಪೆಳ್ಳಿ' ಮಾಡಿದರು, ವಿಧವಾ ವಿವಾಹದ ಕಥೆ. ನಿರ್ದೇಶಕ, ನಾಯಕ ಎರಡೂ ತಾವೇ. ದೇವರ ಕಥೆಗಳೇ ಓಡ್ತಿದ್ದ ದಿನಗಳಲ್ಲಿ ಅದು ಧೈರ್ಯದ ಕೆಲಸ. 1941ರ 'ಸಾವಿತ್ರಿ'ಯಲ್ಲಿ ಅವರು ಸತ್ಯವಾನ, ಎಂ.ಎಸ್.ಸುಬ್ಬುಲಕ್ಷ್ಮಿ ನಾರದ! 'ಕಲ್ಕಿ' ಪತ್ರಿಕೆ ಶುರು ಮಾಡೋಕೆ ಹಣ ಬೇಕಿತ್ತು, ಅದಕ್ಕೇ ಎಂ.ಎಸ್. ಗಂಡು ವೇಷ ಒಪ್ಪಿಕೊಂಡಿದ್ದರು. 1946ರ 'ಲವಂಗಿ'ಯಲ್ಲಿ ರಾವ್ ಜಗನ್ನಾಥ ಪಂಡಿತನಾದರು, ಜೊತೆಗೆ ಕುಮಾರಿ ರುಕ್ಮಿಣಿ. ಮುಂದೆ ಆ ರುಕ್ಮಿಣಿಯೇ ಅವರ ಪತ್ನಿ.

ರಾವ್ ಮೂಕಿಗಳು ಇವತ್ತು ನೋಡಲು ಸಿಗಲ್ಲ, 'ಸತಿ ಸುಲೋಚನ'ದ ರೀಲೂ ಉಳಿದಿಲ್ಲ. ಆಗಿನ ಫಿಲ್ಮ್ ಬೇಗ ಬೆಂಕಿ ಹಿಡಿಯೋ ಜಾತಿಯದು. ಓಡೋದು ನಿಂತ ಮೇಲೆ ರೀಲು ಕೊಟ್ಟು ಅದರಲ್ಲಿನ ಬೆಳ್ಳಿ ತೆಗೆಸುತ್ತಿದ್ದವರೂ ಇದ್ದರು. ಪುಣೆಯಲ್ಲಿ ಸರ್ಕಾರ ಫಿಲ್ಮ್ ಸಂಗ್ರಹಾಲಯ ತೆರೆದಿದ್ದೇ 1964ರಲ್ಲಿ, ಅಂದ್ರೆ ಚಿತ್ರ ಬಂದು 30 ವರ್ಷ ಆದ ಮೇಲೆ.

ನಟರ ಹೆಸರನ್ನ ಮಕ್ಕಳು ಉಳಿಸಿಕೊಂಡರು. ಸುಬ್ಬಯ್ಯ ನಾಯ್ಡು ಮಗ ಲೋಕೇಶ್, ಮೊಮ್ಮಗ ಸೃಜನ್ ಲೋಕೇಶ್. ನಾಗೇಂದ್ರರಾಯರ ಮಕ್ಕಳು ಆರ್.ಎನ್.ಜಯಗೋಪಾಲ್, ಸುದರ್ಶನ್. ವೈ.ವಿ.ರಾವ್ ಮಗಳೂ ಕನ್ನಡಿಗರಿಗೆ ಚೆನ್ನಾಗಿ ಗೊತ್ತು, ಆದರೆ ಯಾರ ಮಗಳು ಅನ್ನೋದು ಗೊತ್ತಿಲ್ಲ. 'ನಾ ನಿನ್ನ ಬಿಡಲಾರೆ', 'ಚಂದನದ ಗೊಂಬೆ' ಚಿತ್ರಗಳಲ್ಲಿ ಅನಂತ್‌ನಾಗ್ ಜೋಡಿಯಾಗಿದ್ದ ನಟಿ ಲಕ್ಷ್ಮಿ ಅವರೇ ರಾವ್-ರುಕ್ಮಿಣಿ ದಂಪತಿಯ ಮಗಳು. 1968ರಲ್ಲಿ 'ಗೋವಾದಲ್ಲಿ ಸಿ.ಐ.ಡಿ. 999'ದಲ್ಲಿ ರಾಜ್‌ಕುಮಾರ್ ಎದುರು ಅವರು ನಾಯಕಿಯಾದಾಗ ತಂದೆ ಇನ್ನೂ ಇದ್ದರು. 1973ರ ಫೆಬ್ರವರಿ 13ರಂದು ರಾವ್ ತೀರಿಕೊಂಡರು. ಮಗಳನ್ನ ದೇಶಕ್ಕೆಲ್ಲ ಪರಿಚಯ ಮಾಡಿಸಿದ 'ಜೂಲಿ' ಬಂದಿದ್ದು ಅದಾಗಿ ಎರಡು ವರ್ಷಕ್ಕೆ.