ಹಾಡಿಸಿದವರ ಹೆಸರು

ಕಾಲೇಜಿನ ರಾಜ್ಯೋತ್ಸವದ ಸ್ಪರ್ಧೆಯಲ್ಲಿ ನಾನು ‘ಸಂಪತ್ತಿಗೆ ಸವಾಲ್’ ಚಿತ್ರದ ಹಾಡು ಹಾಡಿದ್ದೆ. ಡಾ. ರಾಜ್‌ಕುಮಾರ್ ಎಮ್ಮೆಯ ಮೇಲೆ ಕುಳಿತು ಹಾಡುತ್ತಾರಲ್ಲ, ಅದೇ ಹಾಡು. ಚಪ್ಪಾಳೆಯೂ ಬಿತ್ತು. ತೀರ್ಪುಗಾರರು ‘ಇದರ ಸಂಗೀತ ಯಾರದು?’ ಎಂದು ಕೇಳಿದಾಗ ಮಾತ್ರ ನನ್ನ ಬಾಯಿ ಕಟ್ಟಿತು. ಮಳಗಿಗೆ ಬಂದಾಗ ಅಪ್ಪನನ್ನು ಕೇಳಿದೆ. ಹಾಡು ಪೂರ್ತಿ ಬಾಯಿಪಾಠವಿದ್ದ ಅವರಿಗೂ ಗೊತ್ತಿರಲಿಲ್ಲ. ಆಮೇಲೆ ಹುಡುಕಿದಾಗ ಸಿಕ್ಕ ಹೆಸರು ಜಿ.ಕೆ. ವೆಂಕಟೇಶ್.

1927ರಲ್ಲಿ ಹೈದರಾಬಾದ್‌ನಲ್ಲಿ ಹುಟ್ಟಿದ ವೆಂಕಟೇಶ್ ಮೊದಲಿಗೆ ವೀಣಾವಾದಕರು. ಮದ್ರಾಸಿನ ಚಿತ್ರರಂಗದಲ್ಲಿ ಹಿರಿಯ ಸಂಗೀತ ನಿರ್ದೇಶಕರ ಬಳಿ ದುಡಿದು ಕೆಲಸ ಕಲಿತರು. 1950ರ ದಶಕದ ನಡುವೆ ‘ಸೋದರಿ’, ‘ಓಹಿಲೇಶ್ವರ’ ಚಿತ್ರಗಳ ಮೂಲಕ ಕನ್ನಡಕ್ಕೆ ಬಂದರು.

ಅವರಿಗೆ ಬೇರೆಯವರೊಳಗಿನ ದನಿಯನ್ನು ಗುರುತಿಸುವ ಕಿವಿ ಇತ್ತು. ರಾಜ್‌ಕುಮಾರ್ ಅವರಿಗೆ ಪಿ.ಬಿ. ಶ್ರೀನಿವಾಸ್ ಅವರೇ ಹಾಡುತ್ತಿದ್ದ ಕಾಲ ಅದು. ಆದರೆ ರಂಗಭೂಮಿಯಲ್ಲಿ ಹಾಡಿ ಪಳಗಿದ ಈ ನಟನಿಂದ ವೆಂಕಟೇಶ್ 1956ರ ‘ಓಹಿಲೇಶ್ವರ’ದಲ್ಲೇ ಹಾಡಿಸಿದ್ದರು. 1974ರಲ್ಲಿ ‘ಸಂಪತ್ತಿಗೆ ಸವಾಲ್’ಗೆ ಮತ್ತೆ ಹಾಡಿಸಿದರು. ಆ ಹಾಡು ಊರೂರಿಗೆ ಮುಟ್ಟಿತು. ಅಲ್ಲಿಂದ ಮುಂದೆ ರಾಜ್‌ಕುಮಾರ್ ತಮ್ಮ ಹಾಡುಗಳನ್ನು ತಾವೇ ಹಾಡತೊಡಗಿದರು.

ಶಾಸ್ತ್ರೀಯ ಸಂಗೀತದ ದೊಡ್ಡವರನ್ನೂ ಅವರು ಸಿನಿಮಾಕ್ಕೆ ಕರೆತಂದರು. ಅನಕೃ ಕಾದಂಬರಿ ಆಧರಿಸಿದ ‘ಸಂಧ್ಯಾರಾಗ’ಕ್ಕೆ (1966) ಬಾಲಮುರಳಿಕೃಷ್ಣ ಅವರ ಜೊತೆ ಸೇರಿ ಸಂಗೀತ ನೀಡಿದರು. ನಮ್ಮ ಗದಗ ಸೀಮೆಯ ಭೀಮಸೇನ ಜೋಶಿ ಅದರಲ್ಲಿ ಹಾಡಿದರು. ಕೃಷ್ಣಮೂರ್ತಿ ಪುರಾಣಿಕರ ಕಥೆಯ ‘ಸನಾದಿ ಅಪ್ಪಣ್ಣ’ದಲ್ಲಿ (1977) ಬಿಸ್ಮಿಲ್ಲಾ ಖಾನ್ ಅವರ ಶಹನಾಯಿ ಕೇಳುತ್ತದೆ. ನಮ್ಮ ಕಡೆ ಮದುವೆಯಲ್ಲಿ ಸನಾದಿ ಊದುವವರನ್ನು ಎಷ್ಟು ಜನ ತಿರುಗಿ ನೋಡುತ್ತಾರೆ? ಆ ಚಿತ್ರದಲ್ಲಿ ಅಂಥ ಕಲಾವಿದನೇ ನಾಯಕ.

‘ಕಸ್ತೂರಿ ನಿವಾಸ’, ‘ಬಂಗಾರದ ಮನುಷ್ಯ’, ‘ಭಕ್ತ ಕುಂಬಾರ’, ‘ಮಯೂರ’ ಎಲ್ಲವೂ ಅವರದೇ ಸಂಗೀತ. ಆ ದಿನಗಳಲ್ಲಿ ಅವರ ವಾದ್ಯವೃಂದದಲ್ಲಿ ಗಿಟಾರ್ ನುಡಿಸುತ್ತ ಸಹಾಯಕನಾಗಿದ್ದ ಯುವಕನೇ ಇಳಯರಾಜ. 1976ರಲ್ಲಿ ತಮಿಳಿನ ‘ಅನ್ನಕ್ಕಿಳಿ’ ಚಿತ್ರದಿಂದ ಆತನ ಹೆಸರು ಮನೆಮಾತಾಯಿತು.

1992ರ ‘ಜೀವನ ಚೈತ್ರ’ದ ಹಾಡಿಗಾಗಿ ರಾಜ್‌ಕುಮಾರ್ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಅದು ನಟನೆಗಲ್ಲ, ಗಾಯನಕ್ಕೆ. ಅದರ ಸಂಗೀತ ಉಪೇಂದ್ರಕುಮಾರ್ ಅವರದು. ಆದರೆ ಆ ದಾರಿಯ ಮೊದಲ ಕಲ್ಲುಗಳನ್ನು ಹಾಸಿದವರು ವೆಂಕಟೇಶ್. 1993ರಲ್ಲಿ ಅವರು ತೀರಿಕೊಂಡರು. ನಾನು ಹುಟ್ಟುವುದಕ್ಕೂ ಎಷ್ಟೋ ವರ್ಷ ಮೊದಲು.

ಸೇತುವೆಯ ಮೇಲೆ ಓಡಾಡುವಾಗ ಅಡಿಪಾಯದ ನೆನಪು ಯಾರಿಗೂ ಬರುವುದಿಲ್ಲ. ಎಂಜಿನಿಯರಿಂಗ್ ಓದುವ ನಮಗಾದರೂ ಬರಬೇಕು. ರಾಜ್‌ಕುಮಾರ್ ಹಾಡಿದ್ದು ನಮಗೆ ಗೊತ್ತು, ಇಳಯರಾಜ ಬೆಳೆದದ್ದು ಗೊತ್ತು. ಇಬ್ಬರ ಹಿಂದೆಯೂ ನಿಂತಿದ್ದವರು ಮಾತ್ರ ಗೊತ್ತಿರಲಿಲ್ಲ. ಆ ಸ್ಪರ್ಧೆಯಲ್ಲಿ ನನಗೆ ಬಹುಮಾನ ಬರಲಿಲ್ಲ, ಅದಕ್ಕೆ ಬೇಸರವೂ ಇಲ್ಲ. ಮುಂದಿನ ಸಲ ಹಾಡುವ ಮೊದಲು ಮೈಕಿನಲ್ಲಿ ಅವರ ಹೆಸರು ಹೇಳಿಯೇ ಶುರು ಮಾಡುತ್ತೇನೆ.