ಚದುರಂಗ

ಚದುರಂಗ (ಜನವರಿ ೧, ೧೯೧೬ – ಅಕ್ಟೋಬರ್ ೧೯, ೧೯೯೮) ಕನ್ನಡದ ಕಾದಂಬರಿಕಾರರು, ಕತೆಗಾರರು, ನಾಟಕಕಾರರು ಹಾಗೂ ಚಲನಚಿತ್ರ ನಿರ್ದೇಶಕರು. ಇದು ಸುಬ್ರಹ್ಮಣ್ಯರಾಜೇ ಅರಸು ಅವರ ಕಾವ್ಯನಾಮ.

ಜೀವನ

ಇವರು ಮೈಸೂರು ಜಿಲ್ಲೆಯ ಹುಣಸೂರು ತಾಲ್ಲೂಕಿನ ಕಲ್ಲಹಳ್ಳಿಯಲ್ಲಿ ಜನಿಸಿದರು. ಮುಖ್ಯಮಂತ್ರಿಯಾಗಿದ್ದ ಡಿ. ದೇವರಾಜ ಅರಸು ಅವರೂ ಇದೇ ಊರಿನವರು. ಹುಟ್ಟಿದ್ದು ಅರಸು ಮನೆತನದಲ್ಲಾದರೂ ಚದುರಂಗರು ಪ್ರಗತಿಶೀಲ ಲೇಖಕರೊಡನೆ ಗುರುತಿಸಿಕೊಂಡರು. ಹಳ್ಳಿಯ ದುಡಿಯುವ ಜನರ ಬದುಕು, ಜಾತಿಯ ಕಟ್ಟುಪಾಡು ಹಾಗೂ ಹೆಣ್ಣಿನ ಒಳತೋಟಿ ಅವರ ಬರಹದ ಮುಖ್ಯ ವಸ್ತುಗಳಾದವು.

ಸಾಹಿತ್ಯ ಮತ್ತು ಚಲನಚಿತ್ರ

ತಮ್ಮ ಮೊದಲ ಕಾದಂಬರಿ 'ಸರ್ವಮಂಗಳಾ'ವನ್ನು ೧೯೬೮ರಲ್ಲಿ ಅವರೇ ನಿರ್ದೇಶಿಸಿ ತೆರೆಗೆ ತಂದರು. ರಾಜ್‌ಕುಮಾರ್ ಮತ್ತು ಕಲ್ಪನಾ ಅದರಲ್ಲಿ ಅಭಿನಯಿಸಿದರು. ಪುಸ್ತಕಗಳಲ್ಲೇ ಮುಳುಗಿದ ಪತಿಯಿಂದ ದೂರವಾಗುತ್ತಿರುವ ಗೃಹಿಣಿಯ ಮನಸ್ಸಿನ ತೊಳಲಾಟವನ್ನು 'ಉಯ್ಯಾಲೆ' ಕಾದಂಬರಿ ಚಿತ್ರಿಸುತ್ತದೆ. ಎನ್. ಲಕ್ಷ್ಮೀನಾರಾಯಣ್ ೧೯೬೯ರಲ್ಲಿ ಇದನ್ನು ಚಲನಚಿತ್ರವಾಗಿಸಿದರು. ಹೀಗೆ ಎರಡು ವರ್ಷಗಳಲ್ಲಿ ಚದುರಂಗರ ಎರಡು ಕಾದಂಬರಿಗಳು ಓದುಬಾರದ ಪ್ರೇಕ್ಷಕರನ್ನೂ ತಲುಪಿದವು. 'ಹೆಜ್ಜಾಲ' ಇವರ ಮತ್ತೊಂದು ಕಾದಂಬರಿ, 'ಕುಮಾರರಾಮ' ನಾಟಕ.

ಗೌರವಗಳು

ಗ್ರಾಮೀಣ ಬದುಕನ್ನು ವಿಸ್ತಾರವಾಗಿ ಕಟ್ಟಿಕೊಡುವ 'ವೈಶಾಖ' ಕಾದಂಬರಿಗೆ ೧೯೮೨ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ದೊರೆಯಿತು. ೧೯೯೪ರಲ್ಲಿ ಮಂಡ್ಯದಲ್ಲಿ ನಡೆದ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನದ ಅಧ್ಯಕ್ಷತೆಯನ್ನು ಅವರು ವಹಿಸಿದ್ದರು.